ನಮ್ಮ ಗೋಡೆಯ ಉಸುಕು ಯಾವ ಹಳ್ಳದ್ದು?

ನಾನು ಪುಣೆಯಲ್ಲಿ ಸಾಫ್ಟ್‌ವೇರ್ ಎಂಜಿನಿಯರ್, ಊರು ಹಾವೇರಿ ಜಿಲ್ಲೆ. ಇವತ್ತು ಮರಳಿನ ಬಗ್ಗೆ ಮಾತಾಡ್ತೀನಿ. ನಮ್ಮ ಕಡೆ ಅದಕ್ಕೆ ಉಸುಕು ಅಂತೀವಿ.

ಎರಡು ವರ್ಷದ ಹಿಂದೆ ಊರಲ್ಲಿ ಮನೆ ಕಟ್ಟಿಸಿದೆ. ಕಟ್ಟಿಸಿದೆ ಅಂದ್ರೆ ನಿಮಗೆ ಗೊತ್ತೇ ಇದೆ: ಇಲ್ಲಿಂದ ಫೋನು, ಇಲ್ಲಿಂದ ದುಡ್ಡು. ಗೌಂಡಿ ಟ್ರ್ಯಾಕ್ಟರ್ ಲೆಕ್ಕ ಹೇಳ್ತಿದ್ದ, ನಾನು ಯುಪಿಐ ಮಾಡ್ತಿದ್ದೆ. ಉಸುಕು ಯಾವಾಗಲೂ ರಾತ್ರಿ ಎರಡು ಗಂಟೆಗೇ ಯಾಕೆ ಬರುತ್ತೆ ಅಂತ ಒಮ್ಮೆಯೂ ಕೇಳಲಿಲ್ಲ.

ಗೃಹಪ್ರವೇಶಕ್ಕೆ ಹೋದಾಗ ಅಪ್ಪ ಹೊಲದ ಬಾವಿ ತೋರಿಸಿದರು. "ಹಳ್ಳದಾಗ ಉಸುಕು ಇದ್ದಾಗ ಬ್ಯಾಸಿಗ್ಯಾಗೂ ನೀರು ಇರ್ತಿತ್ತು ತಮ್ಮಾ. ಈಗ ನೋಡು." ತಳ ಕಾಣ್ತಿತ್ತು. ಆ ಹಳ್ಳದ ಉಸುಕು ನಮ್ಮ ಗೋಡೆಯಲ್ಲೇ ಇತ್ತು.

ಬಾವಿ ಬತ್ತಲು ಬೋರ್‌ವೆಲ್‌ಗಳೂ ಕಾರಣ ಇರಬಹುದು. ಆದರೆ ಮರಳಿನ ಪಾತ್ರ ಸಣ್ಣದಲ್ಲ. ಕಣಗಳ ನಡುವಿನ ಸಂದಿಯಲ್ಲಿ ನೀರು ನಿಂತು, ಮಳೆ ಮುಗಿದ ಮೇಲೂ ನಿಧಾನವಾಗಿ ನೆಲಕ್ಕೆ ಇಳಿಯುತ್ತೆ. ಹಳ್ಳವನ್ನು ಆಳಕ್ಕೆ ಬಗೆದರೆ ಅಕ್ಕಪಕ್ಕದ ಬಾವಿಯ ನೀರೇ ಅತ್ತ ಬಸಿದುಹೋಗುತ್ತೆ. ಅದಕ್ಕೇ ಕೇಂದ್ರದ 2016ರ ಮಾರ್ಗಸೂಚಿ ಒಂದು ಮಿತಿ ಹಾಕಿದೆ: 3 ಮೀಟರ್ ಅಥವಾ ನೀರಿನ ಮಟ್ಟ, ಯಾವುದು ಕಡಿಮೆಯೋ ಅಷ್ಟೇ ಆಳ.

ಹಾಗಾದರೆ ಕಾನೂನು ಯಾರ ಕೈಯಲ್ಲಿದೆ? 1957ರ ಗಣಿ ಮತ್ತು ಖನಿಜ ಕಾಯ್ದೆಯ ಪ್ರಕಾರ ಮರಳು ಉಪಖನಿಜ, ಅದಕ್ಕೆ ನಿಯಮ ಮಾಡುವ ಅಧಿಕಾರ ರಾಜ್ಯಗಳದ್ದು. 2012ರಲ್ಲಿ ದೀಪಕ್ ಕುಮಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್, 5 ಹೆಕ್ಟೇರಿಗಿಂತ ಸಣ್ಣ ಗುತ್ತಿಗೆಗೂ ಪರಿಸರ ಅನುಮತಿ ಬೇಕು ಅಂತ ಹೇಳಿತು. 2014ರಲ್ಲಿ ಇನ್ನೊಂದು ತೀರ್ಪು: ಅನುಮತಿ ಇಲ್ಲದೆ ನದಿಯಿಂದ ಮರಳು ತೆಗೆದರೆ ಗಣಿ ಕಾಯ್ದೆಯ ಜೊತೆಗೆ ಕಳ್ಳತನದ ಕೇಸನ್ನೂ ಹಾಕಬಹುದು.

ಕರ್ನಾಟಕದ 2020ರ ಮರಳು ನೀತಿಯಲ್ಲಿ ನಮ್ಮಂಥವರಿಗೆ ಇಷ್ಟವಾಗೋ ಒಂದು ಲಾಜಿಕ್ ಇದೆ. ಹಳ್ಳ-ನದಿಗಳನ್ನು ಟ್ರೀ ಸ್ಟ್ರಕ್ಚರ್ ಥರ ನೋಡಿ. ತುದಿಯ ಸಣ್ಣ ತೊರೆ ಒಂದನೇ ಶ್ರೇಣಿ. ಅಂಥವು ಎರಡು ಸೇರಿದರೆ ಎರಡನೇ ಶ್ರೇಣಿ. ಎರಡನೇ ಶ್ರೇಣಿಯವು ಎರಡು ಸೇರಿದರೆ ಮೂರನೆಯದು. ಈ ಮೂರು ಶ್ರೇಣಿಯ ಮರಳಿನ ಹೊಣೆ ಗ್ರಾಮ ಪಂಚಾಯಿತಿಗೆ, ಅದರ ಮೇಲಿನ ನದಿಗಳದ್ದು ಸರ್ಕಾರಿ ನಿಗಮಗಳಿಗೆ. ಪಂಚಾಯಿತಿ ಮರಳಿಗೆ ಟನ್ನಿಗೆ 300 ರೂಪಾಯಿ ದರವನ್ನೂ ಇಟ್ಟರು.

ಕಾಗದದ ಮೇಲೆ ಚೆನ್ನಾಗಿದೆ. ಊರಲ್ಲಿ ಏನಾಗುತ್ತೆ? ಪಂಚಾಯಿತಿ ಮೆಂಬರೂ ಟ್ರ್ಯಾಕ್ಟರ್ ಓನರೂ ಒಂದೇ ಓಣಿಯವರು. ರಾತ್ರಿ ಎರಡಕ್ಕೆ ಹಳ್ಳಕ್ಕೆ ಹೋಗಿ ತಡೆಯೋರು ಯಾರು? ತಡೆದವನು ಬೆಳಿಗ್ಗೆ ಅದೇ ಚಹಾದಂಗಡಿಯಲ್ಲಿ ಕೂರಬೇಕು. ನಾವು ಮಾತ್ರ ದೂರದಲ್ಲಿ ಕೂತು "ಊರಲ್ಲಿ ಎಲ್ಲಾ ಭ್ರಷ್ಟಾಚಾರ" ಅಂತ ವಾಟ್ಸಾಪ್ ಫಾರ್ವರ್ಡ್ ಮಾಡ್ತೀವಿ. ಆ ಟ್ರ್ಯಾಕ್ಟರಿಗೆ ಡೀಸೆಲ್ ಹಾಕಿಸಿದ್ದು ನನ್ನ ಸಂಬಳ!

ಕೊಳ್ಳೋನು ಕೇಳಬಹುದಾದ ಕಾಗದ ಒಂದಿದೆ: ಎಂಡಿಪಿ, ಅಂದ್ರೆ ಖನಿಜ ಸಾಗಣೆ ಪರವಾನಗಿ. ಗಾಡಿ ನಂಬರು, ಎಷ್ಟು ಟನ್ನು, ಎಲ್ಲಿಂದ ಎಲ್ಲಿಗೆ, ಎಷ್ಟು ಹೊತ್ತಿನವರೆಗೆ ಅನ್ನೋದು ಅದರಲ್ಲಿರುತ್ತೆ.

ಈ ವರ್ಷ ಕಾಂಪೌಂಡ್ ಕಟ್ಟಿಸುವಾಗ ನಾನು ಗೌಂಡಿಗೆ ಒಂದೇ ಮಾತು ಹೇಳಿದೆ: "ಎಂಡಿಪಿ ಫೋಟೋ ಬಂದ ಮೇಲೆ ದುಡ್ಡು." ಎರಡು ದಿನ ಅವನು ಫೋನೇ ಎತ್ತಲಿಲ್ಲ. ಅಪ್ಪ ಪಂಚಾಯಿತಿಗೆ ಹೋಗಿ ವಿಚಾರಿಸಿದರು. ನಮ್ಮ ಹಳ್ಳದಲ್ಲಿ ಮರಳು ತೆಗೆಯಲು ಅನುಮತಿಯೇ ಆಗಿಲ್ಲ ಅಂದರು. ಅಂದರೆ ಅಲ್ಲಿಂದ ಬಂದ ಪ್ರತಿ ಲೋಡೂ ಕದ್ದದ್ದೇ. ಕೊನೆಗೆ ಎಂ-ಸ್ಯಾಂಡ್ ತರಿಸಿದ್ವಿ. ಖರ್ಚು ಜಾಸ್ತಿ ಆಯ್ತು, ಗೌಂಡಿ ಗೊಣಗಿದ. ಗೋಡೆ ನಿಂತಿದೆ.

ಬಾವಿಗೆ ನೀರು ಇನ್ನೂ ಬಂದಿಲ್ಲ. ಹೋದ ಉಸುಕು ಮತ್ತೆ ತುಂಬೋಕೆ ಎಷ್ಟು ಮಳೆಗಾಲ ಬೇಕೋ. ನಿಮ್ಮಲ್ಲಿ ಎಷ್ಟೋ ಜನ ಈಗ ಊರಲ್ಲಿ ಮನೆ ಕಟ್ಟಿಸ್ತಿದ್ದೀರಿ. ಇವತ್ತು ರಾತ್ರಿ ಫೋನ್ ಮಾಡಿದಾಗ "ಎಷ್ಟು ಲೋಡ್ ಬಂತು?" ಅನ್ನೋದಕ್ಕಿಂತ ಮೊದಲು "ಯಾವ ಹಳ್ಳದ್ದು?" ಅಂತ ಕೇಳಿ.