ಬಚ್ಚಲುಮನೆಯ ಹಗಲುಗನಸು



2013ರಲ್ಲಿ ಪವನ್ ಕುಮಾರ್ ನಿರ್ದೇಶನದ ‘ಲೂಸಿಯಾ’ ಎಂಬ ಕನ್ನಡ ಚಿತ್ರ ಬಂತು. ನಿದ್ದೆ ಬಾರದೆ ಒದ್ದಾಡುವ ಒಬ್ಬ, ಚಿತ್ರಮಂದಿರದ ಕತ್ತಲಲ್ಲಿ ಟಾರ್ಚ್ ಹಿಡಿದು ಜನರಿಗೆ ಸೀಟು ತೋರಿಸುವ ಹುಡುಗ, ಒಂದು ಮಾತ್ರೆ ನುಂಗುತ್ತಾನೆ. ಅಲ್ಲಿಂದ ಅವನ ಬದುಕು ಎರಡಾಗುತ್ತದೆ. ಯಾವುದು ಕನಸು, ಯಾವುದು ಎಚ್ಚರ ಎಂಬುದು ನೋಡುವ ನಮಗೂ ಕೊನೆಯವರೆಗೆ ತಿಳಿಯುವುದಿಲ್ಲ. ಆ ಮಾತ್ರೆ ಕಲ್ಪನೆಯದು. ಆದರೆ ಹಾಡುಹಗಲಲ್ಲಿ, ಕಣ್ಣು ತೆರೆದಿರುವಾಗಲೇ ಕನಸಿನಂಥದ್ದೊಂದು ಬಂದು ಮನುಷ್ಯನನ್ನು ಆವರಿಸುವ ಕಾಯಿಲೆ ನಿಜವಾಗಿಯೂ ಇದೆ. ನಮ್ಮ ಹಳೇ ಮೈಸೂರು ಸೀಮೆಯಲ್ಲಿ ಅದು ಹೆಚ್ಚಾಗಿಯೇ ಇದೆ, ಅದೂ ತಲೆಗೆ ನೀರು ಹುಯ್ದುಕೊಳ್ಳುವ ಹೊತ್ತಿನಲ್ಲಿ.

ಹಂಡೆಯಲ್ಲಿ ನೀರು ಕಾದಿದೆ. ಹಬ್ಬದ ದಿನ, ತಲೆಗೆ ಎಣ್ಣೆ ಹಚ್ಚಿ ಸೀಗೆಪುಡಿ ಹಾಕಿ ಉಜ್ಜಿ, ಮಗುವಿನ ತಲೆಯ ಮೇಲೆ ತಾಯಿ ಸುಡುಸುಡು ನೀರನ್ನು ಚೊಂಬಿನ ಮೇಲೆ ಚೊಂಬು ಹುಯ್ಯುತ್ತಾಳೆ. ಇದ್ದಕ್ಕಿದ್ದಂತೆ ಮಗುವಿನ ದೃಷ್ಟಿ ಎತ್ತಲೋ ನೆಟ್ಟುಹೋಗುತ್ತದೆ. ಕರೆದರೆ ಓಗೊಡುವುದಿಲ್ಲ. ಸಂಬಂಧವಿಲ್ಲದ ಮಾತಾಡುತ್ತದೆ, ಹೆದರುತ್ತದೆ, ಯಾರನ್ನೋ ಕಂಡಂತೆ, ಏನನ್ನೋ ಕೇಳಿದಂತೆ ಆಡುತ್ತದೆ. ಕೆಲವರು ಪ್ರಜ್ಞೆ ತಪ್ಪಿ ಬಿದ್ದು ಕೈಕಾಲು ಸೆಳೆದುಕೊಳ್ಳುತ್ತಾರೆ. ಇನ್ನು ಕೆಲವರಿಗೆ ಅದೇ ಒಂದು ಬಗೆಯ ಹಿತವಾಗಿ, ಬೇಡವೆಂದರೂ ಕೇಳದೆ ಮತ್ತೆ ಮತ್ತೆ ನೀರು ಸುರಿದುಕೊಳ್ಳುತ್ತಾರೆ. ವೈದ್ಯರು ಇದನ್ನು ಬಿಸಿನೀರಿನ ಮೂರ್ಛೆ ಎನ್ನುತ್ತಾರೆ. ನಮ್ಮ ಜನರ ಬಾಯಲ್ಲಿ ಮೂರ್ಛೆ ಎಂದರೆ ‘ಪಿಡ್ಸು’. ಬಿದ್ದು ಒದ್ದಾಡಿದರೆ ಪಿಡ್ಸು ಎಂದು ಗುರುತಿಸುತ್ತೇವೆ. ಬೀಳದೆ, ಬರೀ ಕನವರಿಸಿದರೆ ‘ಗಾಳಿ ಮೆಟ್ಕಂಡದ’ ಅನ್ನುತ್ತೇವೆ.

ಆದರೆ ಅದು ಗಾಳಿಯಲ್ಲ. ಮಿದುಳಿನ ಕಪೋಲ ಭಾಗದಲ್ಲಿ, ಅಂದರೆ ಕಿವಿಯ ಮೇಲಿನ ಪಕ್ಕದಲ್ಲಿ, ನೆನಪು ಮತ್ತು ಭಯದಂಥ ಭಾವಗಳ ನೆಲೆಯಿದೆ. ಅಲ್ಲಿ ವಿದ್ಯುತ್ತಿನ ಅಲೆ ಅಂಕೆ ಮೀರಿ ಎದ್ದಾಗ ಹಳೆಯ ಚಿತ್ರ, ದನಿ, ದಿಗಿಲು ಎಲ್ಲ ಕಾರಣವಿಲ್ಲದೆ ಹೊಮ್ಮುತ್ತವೆ. ಹತ್ತೊಂಬತ್ತನೆಯ ಶತಮಾನದಲ್ಲೇ ಇಂಗ್ಲೆಂಡಿನ ವೈದ್ಯ ಜಾನ್ ಹ್ಯೂಲಿಂಗ್ಸ್ ಜಾಕ್ಸನ್ ಇದನ್ನು ಕನಸಿನಂಥ ಸ್ಥಿತಿ ಎಂದು ಕರೆದಿದ್ದರು. ನಮ್ಮಲ್ಲಿ ಅದನ್ನು ಕೆರಳಿಸುವುದು ತಲೆಗೆ ಬೀಳುವ ಬಿಸಿ ಮತ್ತು ನೀರಿನ ರಭಸ. ಕೆಲವು ಮನೆತನಗಳಲ್ಲಿ ಇದು ವಂಶದಲ್ಲೂ ಹರಿದುಬರುತ್ತದೆ.

ನಮ್ಮ ಸೀಮೆಯ ಕೊಳ್ಳೇಗಾಲ ಎಂದರೆ ಸಾಕು, ದೂರದ ಊರಿನವರು ಮಾಟಮಂತ್ರದ ಮಾತು ತೆಗೆಯುತ್ತಾರೆ. ಇದು ನನಗೆ ಬೇಸರ ತರುವ ಸಂಗತಿ. ಏಕೆಂದರೆ ಪಕ್ಕದ ಯಳಂದೂರಿನ ಹೆಸರು ಲೋಕದ ವೈದ್ಯ ಪತ್ರಿಕೆಗಳಲ್ಲಿ ಬೇರೆಯೇ ಕಾರಣಕ್ಕೆ ಅಚ್ಚಾಗಿದೆ. ನರರೋಗ ತಜ್ಞ ಡಾ. ಕೆ.ಎಸ್. ಮಣಿ ಮತ್ತು ಸಂಗಡಿಗರು ಈ ತಾಲ್ಲೂಕಿನಲ್ಲಿ ಸುಮಾರು 65,000 ಜನರ ನಡುವೆ ಮೂರ್ಛೆರೋಗದ ಸಮೀಕ್ಷೆ ಮಾಡಿದರು. 1998ರಲ್ಲಿ ಪ್ರಕಟವಾದ ಆ ಅಧ್ಯಯನದ ಹೆಸರೇ ‘ಯಳಂದೂರು ಅಧ್ಯಯನ’. ಸಾವಿರಕ್ಕೆ ಸುಮಾರು 4 ಜನರಿಗೆ ಮೂರ್ಛೆರೋಗವಿತ್ತು, ಅಂಥವರಲ್ಲಿ ನೂರಕ್ಕೆ ಸುಮಾರು 7 ಮಂದಿಯದು ಬಿಸಿನೀರಿನ ಮೂರ್ಛೆ. 2001ರಲ್ಲಿ ‘ಲ್ಯಾನ್ಸೆಟ್’ ಪತ್ರಿಕೆಯಲ್ಲಿ ಅದರ ಮುಂದಿನ ಭಾಗ ಬಂತು. ಫಿನೊಬಾರ್ಬಿಟಾಲ್, ಫೆನಿಟಾಯಿನ್ ಎಂಬ ಹಳೆಯ, ಅಗ್ಗದ ಮಾತ್ರೆಗಳಿಂದಲೇ ಹಳ್ಳಿಯಲ್ಲಿ ಮೂರ್ಛೆಯನ್ನು ಹತೋಟಿಗೆ ತರಬಹುದೆಂದು ಅದು ತೋರಿಸಿತು. ಬೆಂಗಳೂರಿನ ನಿಮ್ಹಾನ್ಸ್‌ನ ಡಾ. ಪಿ. ಸತೀಶ್ಚಂದ್ರ ಮತ್ತು ಜೊತೆಗಾರರು 1988ರಲ್ಲೇ ಬಿಸಿನೀರಿನ ಮೂರ್ಛೆಯ 279 ರೋಗಿಗಳ ವಿವರ ಪ್ರಕಟಿಸಿದ್ದರು. ಇಷ್ಟಾದ ಮೇಲೂ ಮಗುವಿನ ಕೈಗೆ ಬೀಗದ ಕೈ ಹಿಡಿಸಿ, ತಾಯತ ಕಟ್ಟಿಸಿ, ಆಸ್ಪತ್ರೆಯನ್ನು ಮರೆಯುವುದು ನಿಲ್ಲಬೇಕು. ತಾಯತ ಕಟ್ಟಬೇಡಿ ಎಂದು ನಾನು ಯಾವ ತಾಯಿಗೂ ಹೇಳಲಾರೆ. ಕಟ್ಟಿದ ಮೇಲೆ ಬಸ್ಸು ಹತ್ತಿ ಎಂದಷ್ಟೇ ಬೇಡಿಕೊಳ್ಳುತ್ತೇನೆ.

ಬಚ್ಚಲಲ್ಲಿ ಕಂಡದ್ದು ನಿಜವೋ ಭ್ರಮೆಯೋ ಎಂದು ಆ ಮಗು ಒಂಟಿಯಾಗಿ ತೀರ್ಮಾನಿಸಲಾರದು. ಕೊಳ್ಳೇಗಾಲದ ಕಡೆಯ ಚಿಕ್ಕಲ್ಲೂರಿನ ಸೀಮೆಯಲ್ಲಿ ಜನಪದ ಗಾಯಕರಾದ ನೀಲಗಾರರು ರಾತ್ರಿಯಿಡೀ ಮಂಟೇಸ್ವಾಮಿಯ ಕತೆ ಹಾಡುವಾಗ, ನಡುವೆ ತೂಕಡಿಸಿ ಎಚ್ಚೆತ್ತವನು ಪಕ್ಕದವನನ್ನು ಕೇಳುತ್ತಾನೆ: “ಕತೆ ಎಲ್ಗಂಟ ಬಂತಣ್ಣೋ?” “ಹಲಗೂರ್ಗಂಟ ಬಂತು ಕಣಪ್ಪ” ಎಂದು ಆತ ನಗದೆ, ಗದರದೆ ಹೇಳುತ್ತಾನೆ. ಮೂರ್ಛೆ ಕಳೆದು ಕಣ್ಣರಳಿಸಿದ ಮಗುವಿಗೂ ಬೇಕಾದದ್ದು ಅಂಥ ಒಬ್ಬ ಪಕ್ಕದವನು. ‘ಸುಮ್ಕಿರು, ಹುಚ್ಚುಚ್ಚಾಗಿ ಆಡ್ಬ್ಯಾಡ’ ಎಂದು ಬಾಯಿ ಮುಚ್ಚಿಸಿದರೆ, ಮುಂದಿನ ಸಲ ಅದು ಏನು ಕಂಡರೂ ಹೇಳುವುದಿಲ್ಲ.

ನೀರು ಉಗುರುಬೆಚ್ಚಗಿರಲಿ. ತಲೆಗೆ ಸುರಿಯುವ ಬದಲು ಒದ್ದೆ ಬಟ್ಟೆಯಲ್ಲಿ ಒರೆಸಬಹುದು. ಈ ತೊಂದರೆ ಇರುವವರು ಬಚ್ಚಲಿನ ಬಾಗಿಲಿಗೆ ಚಿಲಕ ಹಾಕಿಕೊಳ್ಳಬಾರದು. ಬಹಳ ಮಂದಿಗೆ ಇಷ್ಟರಲ್ಲೇ ಹತೋಟಿಗೆ ಬರುತ್ತದೆ. ಬಾರದವರಿಗೆ ಸ್ನಾನಕ್ಕೆ ಮುಂಚೆ ತೆಗೆದುಕೊಳ್ಳುವ ಮಾತ್ರೆಯಿದೆ, ಅದನ್ನು ವೈದ್ಯರೇ ಬರೆದುಕೊಡಬೇಕು. ಅವರ ಬಳಿಗೆ ಹೋದಾಗ ಯಾವುದನ್ನೂ ಮುಚ್ಚಿಡದೆ ಹೇಳಿ: ನೀರು ಎಷ್ಟು ಬಿಸಿಯಿತ್ತು, ಎಷ್ಟು ಚೊಂಬು ಬಿದ್ದ ಮೇಲೆ ಶುರುವಾಯಿತು, ಮಗು ಯಾರನ್ನು ಕಂಡೆ ಎಂದಿತು, ಯಾರ ದನಿ ಕೇಳಿತು ಎಂದಿತು. ಸ್ನಾನವಿಲ್ಲದ ಹೊತ್ತಿನಲ್ಲಿ ತಲೆಗೆ ತಂತಿ ಅಂಟಿಸಿ ಮಿದುಳಿನ ಅಲೆಗಳನ್ನು ಬರೆದುಕೊಳ್ಳುವ ಪರೀಕ್ಷೆ ಮಾಡಿದರೆ, ಇಂಥವರಲ್ಲಿ ಹೆಚ್ಚಿನವರದು ಸರಿಯಾಗಿಯೇ ಇರುತ್ತದೆ. ಆಗ ವೈದ್ಯರು ರೋಗವನ್ನು ಗುರುತಿಸುವುದು ಮುಖ್ಯವಾಗಿ ನೀವು ಹೇಳುವ ಈ ಮಾತಿನಿಂದ.