ಕೆಸರಿನ ಹುಳಿವಾಸನೆ ಹೇಳುವ ಮಾತು



ಘಟ್ಟದ ಕೆಳಗಿನ ಸಾಸ್ತಾನದ ಬೈಲುಗದ್ದೆಗಳಿರಲಿ, ಮಲೆನಾಡಿನ ಕಣಿವೆಯ ಗದ್ದೆಗಳಿರಲಿ, ಸೊಪ್ಪು ಹಾಕಿ ಉತ್ತು ನೀರು ನಿಲ್ಲಿಸಿದಾಗ ಕೆಸರಿನಿಂದ ಕೆಲವೊಮ್ಮೆ ಕೆಟ್ಟ ಬೆಣ್ಣೆಯ ವಾಸನೆ ಏಳುತ್ತದೆ. ಸೊಪ್ಪು ಗೊಬ್ಬರವಾಗುತ್ತಿದೆಯೆಂದು ಕೃಷಿಕರು ಸಮಾಧಾನಪಡುವುದುಂಟು. ವಾಸ್ತವವಾಗಿ ಅದು, ನಾಟಿಗೆ ಇನ್ನೂ ಕಾಲ ಬಂದಿಲ್ಲವೆಂಬ ಎಚ್ಚರಿಕೆ.

ಹುಳಿಯಾದುದೆಲ್ಲವೂ ವಾಸನೆ ಬೀರುವುದಿಲ್ಲ. ಹುಣಸೆಯ ಟಾರ್ಟಾರಿಕ್ ಆಮ್ಲವಾಗಲಿ, ಮುರುಗಲು ಸಿಪ್ಪೆಯ ಹೈಡ್ರಾಕ್ಸಿಸಿಟ್ರಿಕ್ ಆಮ್ಲವಾಗಲಿ ನಾಲಿಗೆಗೆ ತಿಳಿಯುತ್ತವೆ, ಮೂಗಿಗೆ ತಿಳಿಯುವುದಿಲ್ಲ. ಅವುಗಳ ಅಣುಗಳು ದೊಡ್ಡವು. ಪರಸ್ಪರ ಬಿಗಿಯಾಗಿ ಹಿಡಿದುಕೊಂಡಿರುವುದರಿಂದ ಆವಿಯಾಗಲಾರವು. ಎರಡು ಇಂಗಾಲದ ಅಸಿಟಿಕ್ ಆಮ್ಲ, ನಾಲ್ಕು ಇಂಗಾಲದ ಬ್ಯುಟಿರಿಕ್ ಆಮ್ಲ ಚಿಕ್ಕವು, ಗಾಳಿಗೆ ಏರಬಲ್ಲವು. ಮೊದಲನೆಯದು ವಿನೆಗರಿನ ವಾಸನೆ, ಎರಡನೆಯದು ಕೆಟ್ಟ ಬೆಣ್ಣೆಯ ವಾಸನೆ. ಅಸಿಟಿಕ್ ಆಮ್ಲ 118 ಡಿಗ್ರಿ ಸೆಲ್ಸಿಯಸ್‌ನಲ್ಲಿ ಕುದಿದರೆ, ಬ್ಯುಟಿರಿಕ್ ಆಮ್ಲ ಸುಮಾರು 164ರಲ್ಲಿ ಕುದಿಯುತ್ತದೆ. ಆವಿ ಕಡಿಮೆಯಾದರೂ ಬ್ಯುಟಿರಿಕ್ ಆಮ್ಲವನ್ನು ಮೂಗು ಅತ್ಯಲ್ಪ ಪ್ರಮಾಣದಲ್ಲಿಯೇ ಗುರುತಿಸುತ್ತದೆ.

ನಿಂತ ನೀರು ಗಾಳಿಯನ್ನು ತಡೆಯುತ್ತದೆ. ಗಾಳಿಯಿಲ್ಲದ ಕೆಸರಿನಲ್ಲಿ ಸೂಕ್ಷ್ಮಜೀವಿಗಳು ಹಸಿ ಸೊಪ್ಪನ್ನು ಒಡೆದು ಈ ಆಮ್ಲಗಳನ್ನು ಉಂಟುಮಾಡುತ್ತವೆ. ಅವುಗಳನ್ನು ಬಳಸಿಕೊಳ್ಳುವ ಇತರ ಜೀವಿಗಳು ನಿಧಾನವಾಗಿ ಬೆಳೆಯುವುದರಿಂದ, ಮೊದಲ ದಿನಗಳಲ್ಲಿ ಆಮ್ಲ ಶೇಖರವಾಗುತ್ತದೆ. ಆಗಲೇ ನೆಟ್ಟ ಸಸಿಯ ಬೇರು ಕುಂಠಿತವಾಗಿ, ಸಾರ ಹೀರುವ ಶಕ್ತಿ ಕುಗ್ಗುತ್ತದೆ.

ಇಲ್ಲಿ ಗಮನಿಸತಕ್ಕ ಅಂಶವೊಂದಿದೆ. ಆಮ್ಲವು ನೀರಿನಲ್ಲಿ ಎರಡು ರೂಪಗಳಲ್ಲಿರುತ್ತದೆ: ಪೂರ್ಣ ಅಣು ಮತ್ತು ಅಯಾನು. ಆವಿಯಾಗಿ ಮೂಗನ್ನು ಮುಟ್ಟುವುದು ಪೂರ್ಣ ಅಣು. ಬೇರಿನ ಪೊರೆಯನ್ನು ಸುಲಭವಾಗಿ ದಾಟಿ ಹಾನಿ ಮಾಡುವುದೂ ಅದೇ. ಮಣ್ಣು ಹುಳಿಯಾದಷ್ಟೂ ಆ ರೂಪ ಹೆಚ್ಚು. ಕರಾವಳಿ, ಮಲೆನಾಡುಗಳ ಕೆಂಪು ಜಂಬಿಟ್ಟಿಗೆ ಮಣ್ಣು ಸಹಜವಾಗಿಯೇ ಹುಳಿಯಾದುದು.

ವಿದ್ಯಾರ್ಥಿಗಳು ಇದನ್ನು ಶಾಲೆಯಲ್ಲಿಯೇ ಪರೀಕ್ಷಿಸಬಹುದು. ಎರಡು ಬಟ್ಟಲುಗಳಲ್ಲಿ ವಿನೆಗರ್ ಹಾಕಿ, ಒಂದಕ್ಕೆ ನೊರೆ ನಿಲ್ಲುವವರೆಗೆ ಅಡುಗೆ ಸೋಡ ಬೆರೆಸಿದರೆ ಅದರ ವಾಸನೆ ಅಡಗುತ್ತದೆ: ಆಮ್ಲವು ಆವಿಯಾಗದ ಲವಣವಾಗಿರುತ್ತದೆ. ಗದ್ದೆಗೆ ಹಾಕುವ ಬೂದಿ, ಸುಣ್ಣಗಳ ಕೆಲಸವೂ ಇದೇ. ಆದರೆ ಹಸಿ ಸೊಪ್ಪು ಕೆಸರಿನಲ್ಲಿ ಉಳಿದಿರುವವರೆಗೆ ಆಮ್ಲ ಮತ್ತೆ ಹುಟ್ಟುತ್ತಲೇ ಇರುತ್ತದೆ.

ಆದುದರಿಂದ ಸೊಪ್ಪನ್ನು ನಾಟಿಗೆ ಎರಡು ವಾರ ಮುಂಚಿತವಾಗಿಯೇ ಮಣ್ಣಿಗೆ ಸೇರಿಸುವುದು ಒಳ್ಳೆಯದು. ನೀರು ಬಸಿಯಲು ಅವಕಾಶವಿದ್ದರೆ ಒಮ್ಮೆ ಬಸಿದು ಕೆಸರಿಗೆ ಗಾಳಿಯಾಡಿಸಬೇಕು. ಬಸಿಯಲಾಗದ ಬೈಲಿಗೆ ಹೊರಗೆ ಚೆನ್ನಾಗಿ ಕಳಿತ ಗೊಬ್ಬರವೇ ಯೋಗ್ಯ. ಸಸಿ ಕೀಳುವ ಮೊದಲು ಒಂದು ಹಿಡಿ ಕೆಸರನ್ನು ಮೂಸಿ ನೋಡುವ ಕೃಷಿಕನಿಗೆ ಬೇರಿನ ಸ್ಥಿತಿ ನೆಡುವ ಮುನ್ನವೇ ತಿಳಿಯುತ್ತದೆ.