ಕೈ ಮೌಸ್ ಕಡೆ ಎಷ್ಟು ಸಲ ಹೋಗುತ್ತೆ?

ಇವತ್ತಿನ ಮಾತು ಕೀಬೋರ್ಡ್ ಶಾರ್ಟ್‌ಕಟ್ ಬಗ್ಗೆ. "ಕಂಟ್ರೋಲ್ ಸಿ, ಕಂಟ್ರೋಲ್ ವಿ ತಾನೇ, ಗೊತ್ತು ಬಿಡಪ್ಪ" ಅಂತ ಮುಂದಕ್ಕೆ ಓಡಿಸಬೇಡಿ. ಬಿ.ಕಾಂ. ಮುಗಿಸಿ ಆಡಿಟರ್ ಆಫೀಸಿಗೋ ಸಗಟು ಅಂಗಡಿಗೋ ಕೆಲಸ ಕೇಳಿಕೊಂಡು ಹೋಗುವವರಿಗೆ ಇದು ಸಂಬಳದ ವಿಷಯ. ಮಾರ್ಕ್ಸ್ ಕಾರ್ಡ್ ನೋಡಿ ಪಕ್ಕಕ್ಕಿಡ್ತಾರೆ. ಆಮೇಲೆ ಒಂದು ಕಟ್ಟು ಬಿಲ್ ಕೊಟ್ಟು, "ಟ್ಯಾಲಿಗೆ ಹಾಕಿ ನೋಡೋಣ" ಅಂತಾರೆ. ಅನುಭವ ಇರೋರು ಆಗ ಗಮನಿಸೋದು ನಿಮ್ಮ ಬಲಗೈಯನ್ನ.

ಟ್ಯಾಲಿ ನಮ್ಮ ಬೆಂಗಳೂರಿನ ಕಂಪನಿಯದ್ದು, 1986ರಲ್ಲಿ ಶುರುವಾದದ್ದು. ಡಾಸ್ ಕಾಲದಲ್ಲಿ ಹುಟ್ಟಿದ ಸಾಫ್ಟ್‌ವೇರ್ ಆದ್ದರಿಂದ ಮೌಸ್ ಇಲ್ಲದೆಯೇ ಎಲ್ಲ ನಡೆಯಬೇಕಿತ್ತು. ಆ ಗುಣ ಇವತ್ತಿನ ಟ್ಯಾಲಿ ಪ್ರೈಮ್‌ನಲ್ಲೂ ಹೋಗಿಲ್ಲ. ವೋಚರ್ ಸ್ಕ್ರೀನ್‌ನಲ್ಲಿ ಎಫ್ 4 ಕಾಂಟ್ರಾ, ಎಫ್ 5 ಪೇಮೆಂಟ್, ಎಫ್ 6 ರಿಸೀಟ್, ಎಫ್ 7 ಜರ್ನಲ್, ಎಫ್ 8 ಸೇಲ್ಸ್, ಎಫ್ 9 ಪರ್ಚೇಸ್. ನಮಗೆ ಕಾಲೇಜಿನಲ್ಲಿ ಮೂರು ವರ್ಷ ಜರ್ನಲ್ ಎಂಟ್ರಿ ಬರೆಸಿದ್ರು, ಎಫ್ 7 ಒತ್ತಿದ್ರೆ ಅದು ಬರುತ್ತೆ ಅಂತ ಒಬ್ಬರೂ ಹೇಳಲಿಲ್ಲ!

ಇವೆಲ್ಲಕ್ಕಿಂತ ನನಗೆ ಇಷ್ಟ ಆಲ್ಟ್ ಸಿ. ಬಿಲ್ ಅರ್ಧ ಹಾಕಿರ್ತೀರಿ, ಪಾರ್ಟಿ ಹೊಸಬರು, ಲೆಡ್ಜರ್ ಇಲ್ಲ. ಹೊರಗೆ ಹೋಗಿ ಲೆಡ್ಜರ್ ಮಾಡಿ ಮತ್ತೆ ಮೊದಲಿಂದ ಶುರು ಮಾಡೋರನ್ನ ಇವತ್ತಿಗೂ ನೋಡ್ತೀನಿ. ಪಾರ್ಟಿ ಹೆಸರಿನ ಜಾಗದಲ್ಲೇ ಆಲ್ಟ್ ಸಿ ಒತ್ತಿ. ಅಲ್ಲೇ ಲೆಡ್ಜರ್ ಆಗುತ್ತೆ, ಬಿಲ್ ಇದ್ದಲ್ಲೇ ಇರುತ್ತೆ.

ಒಂದು ಲೆಕ್ಕ ಹಾಕೋಣ, ಕಾಮರ್ಸ್‌ನವರಲ್ವಾ. ದಿನಕ್ಕೆ 300 ಬಿಲ್. ಪ್ರತಿ ಬಿಲ್‌ಗೆ ನಾಲ್ಕು ಸಲ ಕೈ ಮೌಸ್‌ಗೆ ಹೋಗಿ ಬರುತ್ತೆ, ಸಲಕ್ಕೆ 2 ಸೆಕೆಂಡ್ ಅಂತಿಟ್ಕೊಳ್ಳಿ. 2,400 ಸೆಕೆಂಡ್ ಆಯ್ತು, ಅಂದ್ರೆ 40 ನಿಮಿಷ. ತಿಂಗಳು ತಿಂಗಳು ರಿಟರ್ನ್ ಹಾಕೋರಿಗೆ 11ಕ್ಕೆ ಜಿಎಸ್‌ಟಿಆರ್-1, 20ಕ್ಕೆ 3ಬಿ. ಆ ವಾರಗಳಲ್ಲಿ 40 ನಿಮಿಷ ಅಂದ್ರೆ ಕೊನೇ ಬಸ್ ಸಿಗೋದು, ಸಿಗದೇ ಇರೋದು.

ಆದ್ರೆ ಉಳಿದ ಆ 40 ನಿಮಿಷ ಯಾರದ್ದು? ಬೇಗ ಮುಗಿಸ್ತೀರಿ ಅಂತ ಗೊತ್ತಾದ್ರೆ ಯಜಮಾನರು ಇನ್ನೊಂದು ಕಟ್ಟು ತಂದಿಡ್ತಾರೆ, ಸಂಬಳ ಅಷ್ಟೇ ಇರುತ್ತೆ. ನನ್ನನ್ನ ಕೇಳಿದ್ರೆ ಆ ಸಮಯವನ್ನ ಎಂಟ್ರಿ ತಾಳೆ ನೋಡೋದಕ್ಕೆ, ಬ್ಯಾಂಕ್ ರೀಕನ್ಸಿಲಿಯೇಷನ್ ಕಲಿಯೋದಕ್ಕೆ ಇಟ್ಕೊಳ್ಳಿ. ಸಂಬಳ ಜಾಸ್ತಿ ಕೇಳುವಾಗ "ಬೇಗ ಟೈಪ್ ಮಾಡ್ತೀನಿ" ಅನ್ನೋದಕ್ಕಿಂತ "ರೀಕನ್ಸಿಲಿಯೇಷನ್ ನಾನೇ ಮಾಡ್ತೀನಿ" ಅನ್ನೋ ಮಾತಿಗೆ ತೂಕ ಹೆಚ್ಚು.

ತಾಳೆ ನೋಡಲೇಬೇಕು, ಯಾಕಂದ್ರೆ ವೇಗದಲ್ಲಿ ಅಪಾಯವೂ ಇದೆ. ಎಕ್ಸೆಲ್‌ನಲ್ಲಿ ಕಂಟ್ರೋಲ್ ಎ ಅಂದ್ರೆ ಎಲ್ಲ ಸೆಲೆಕ್ಟ್ ಆಗೋದು. ಟ್ಯಾಲಿಯಲ್ಲಿ ಅದೇ ಕಂಟ್ರೋಲ್ ಎ ವೋಚರನ್ನ ಒಪ್ಪಿಕೊಂಡು ಸೇವ್ ಮಾಡಿಬಿಡುತ್ತೆ. ತೆರಿಗೆ ದರ ತಪ್ಪಿದ್ರೆ ಅದೂ ಸೇವ್. ಒತ್ತೋ ಮುಂಚೆ ಕೆಳಗಿನ ಒಟ್ಟು ಮೊತ್ತ ನೋಡಿ.

ಎಕ್ಸೆಲ್‌ನಲ್ಲಿ ಸದ್ಯಕ್ಕೆ ಮೂರೇ ಸಾಕು. ಕಂಟ್ರೋಲ್ ಮತ್ತು ಕೆಳಬಾಣ ಒತ್ತಿದ್ರೆ ಮಧ್ಯೆ ಖಾಲಿ ಇಲ್ಲದ ಸಾಲಿನ ತುದಿಗೆ ಹೋಗ್ತೀರಿ, ಆಲ್ಟ್ ಜೊತೆ ಸಮಚಿಹ್ನೆ ಒತ್ತಿದ್ರೆ ಮೊತ್ತ, ಕಂಟ್ರೋಲ್ ಶಿಫ್ಟ್ ಎಲ್ ಫಿಲ್ಟರ್. ವಾಟ್ಸಾಪಲ್ಲಿ ಓಡಾಡೋ "ನೂರು ಶಾರ್ಟ್‌ಕಟ್" ಪಿಡಿಎಫ್ ಡಿಲೀಟ್ ಮಾಡಿ. ನೂರು ಓದಿದವರಿಗೆ ಮಾರನೇ ದಿನ ನೆನಪಿರೋದು ಕಂಟ್ರೋಲ್ ಸಿ ಒಂದೇ. ನಾಳೆ ಕೆಲಸ ಮಾಡುವಾಗ ಕೈ ಯಾವುದಕ್ಕಾಗಿ ಹೆಚ್ಚು ಸಲ ಮೌಸ್‌ಗೆ ಹೋಯ್ತು ಅಂತ ಚೀಟಿಯಲ್ಲಿ ಗೀಟು ಹಾಕ್ತಾ ಹೋಗಿ. ಸಂಜೆ ಜಾಸ್ತಿ ಗೀಟು ಬಿದ್ದ ಒಂದಕ್ಕೆ ಕೀ ಹುಡುಕಿ, ವಾರವಿಡೀ ಅದನ್ನೇ ಒತ್ತಿ.

ಲ್ಯಾಪ್‌ಟಾಪ್‌ನವರಿಗೆ ಒಂದು ಮಾತು. ಎಫ್ 5 ಒತ್ತಿದ್ರೆ ಪೇಮೆಂಟ್ ಬದಲು ಸ್ಕ್ರೀನ್ ಬೆಳಕೋ ಸೌಂಡೋ ಬದಲಾದ್ರೆ, ಎಫ್‌ಎನ್ ಕೀ ಹಿಡಿದು ಒತ್ತಿ. ಇಂಟರ್‌ವ್ಯೂಗೆ ಸ್ವಂತ ಲ್ಯಾಪ್‌ಟಾಪ್ ತಗೊಂಡು ಹೋಗೋರು ಇದನ್ನ ಮನೆಯಲ್ಲೇ ನೋಡ್ಕೊಂಡು ಹೋಗಿ. ಮುಂದಿನ ವಾರ ಸಿಗೋಣ.